ಹುಳದ ಮನೆಯ ಬಾಗಿಲು

ಹೋದ ತಿಂಗಳು ನಮ್ಮ ಹೈಸ್ಕೂಲಿನ ವಿಜ್ಞಾನದ ಕೊಠಡಿಗೆ ಬಣ್ಣ ಹೊಡೆಸಲೆಂದು ಹಳೆಯ ಬೀರುವನ್ನು ಸರಿಸುವಾಗ ಮೇಲಿನ ಹಲಗೆಯಲ್ಲಿದ್ದ ಒಂದು ಗಾಜಿನ ಬಾಟಲಿ ಬಿದ್ದು ಒಡೆಯಿತು. ಅದರೊಳಗೆ ಯಾವ ಕಾಲದಿಂದಲೋ ಒಂದು ಹಸಿರು ಹಾವು ಸುರುಳಿ ಸುತ್ತಿ ಮಲಗಿತ್ತು. ಬಣ್ಣವೆಲ್ಲ ಹೋಗಿ ಬೆಂದ ಶಾವಿಗೆಯಂತೆ ಬೆಳ್ಳಗಾಗಿದ್ದ ಅದು ನೆಲದ ಮೇಲೆ ಹರಡಿಕೊಂಡಾಗ ಮಕ್ಕಳು ಮೊದಲು ಕಿರುಚಿ ಆಮೇಲೆ ನಕ್ಕರು. ನಾನು ಪಕ್ಕದ ಕೊಠಡಿಯಲ್ಲಿ ಎಂಟನೇ ತರಗತಿಗೆ ಸಮಾಜ ಪಾಠ ಮಾಡುತ್ತಿದ್ದೆ. ಹಾವಿನ ಸುದ್ದಿ ಬರುವ ಮೊದಲೇ ವಾಸನೆ ಬಂತು. ಮೂಗಿನ ಬುಡಕ್ಕೆ ಚುಚ್ಚಿ ಕಣ್ಣಿನಿಂದ ನೀರು ಎಳೆಯುವ, ಸತ್ತ ಜೀವ ಕೊಳೆಯದಂತೆ ಇಡುವ ಫಾರ್ಮಲಿನ್ನಿನ ವಾಸನೆ. ಸೀಮೆಸುಣ್ಣ ಕೈಯಿಂದ ಜಾರಿತು. ಆಮೇಲೆ ನಾನೇನು ಮಾಡಿದೆನೆಂದು ನನಗೆ ಪೂರ್ತಿ ನೆನಪಿಲ್ಲ. ಎರಡೂ ಕೊಠಡಿಯ ಮಕ್ಕಳನ್ನು ಆಚೆ ಅಟ್ಟಿ, ಎಲ್ಲ ಕಿಟಕಿ ತೆಗೆದು, ಮೈದಾನದಲ್ಲಿ ಸಾಲಾಗಿ ನಿಲ್ಲಿಸಿ ಎರಡು ಸಲ ಎಣಿಸಿದೆನಂತೆ. ಎಣಿಸಿದ ಮೇಲೂ ಒಳಗೆ ಓಡಿ ಬೆಂಚುಗಳ ಅಡಿಯಲ್ಲಿ, ಬಾಗಿಲುಗಳ ಹಿಂದೆ ಬಗ್ಗಿ ಬಗ್ಗಿ ನೋಡಿದೆನಂತೆ. "ಏನ್ ಮೇಡಂ, ಬದುಕಿರೋ ಹಾವಿಗೆ ಹೆದರೋರನ್ನ ನೋಡಿದ್ದೀನಿ, ಸತ್ತಿರೋದಕ್ಕೆ ಹಿಂಗೆ ಹೆದರೋರನ್ನ ಇವತ್ತೇ ನೋಡಿದ್ದು" ಎಂದು ಹೆಡ್‌ಮಾಸ್ಟರು ನಕ್ಕರು. ನಾನೂ ನಕ್ಕೆ.

ನನ್ನ ಹೆದರಿಕೆಗೆ ಒಂದು ಊರಿದೆ, ಒಂದು ಮನೆಯಿದೆ. ಚನ್ನಪಟ್ಟಣದಿಂದ ಬಸ್ಸು ಹತ್ತಿದರೆ ಅಕ್ಕೂರು. ಅಲ್ಲಿ ನಮ್ಮದು ನಾಡಹೆಂಚಿನ ಮನೆ. ಮನೆ ನಮ್ಮದು ಎನ್ನುವುದು ಮಾತಿಗೆ. ಅದರ ನಡುಮನೆಯ ತುಂಬ ರೇಷ್ಮೆ ಹುಳದ ಅಡ್ಡೆಗಳಿದ್ದವು. ಬಿದಿರಿನ ದೊಡ್ಡ ತಟ್ಟೆಗಳು ಒಂದರ ಮೇಲೊಂದು ಸೂರಿನ ತನಕ ಏರಿದ್ದವು. ಇರುವೆ ಹತ್ತದಿರಲೆಂದು ಅಡ್ಡೆಯ ಒಂದೊಂದು ಕಾಲನ್ನೂ ನೀರು ತುಂಬಿದ ಬಟ್ಟಲಿನಲ್ಲಿ ನಿಲ್ಲಿಸಿದ್ದರು. ನಾವು ಮನುಷ್ಯರು ಗೋಡೆಯ ಪಕ್ಕ, ಬಾಗಿಲ ಸಂದಿ, ಜಗುಲಿ ಹೀಗೆ ಮಿಕ್ಕ ಜಾಗದಲ್ಲಿ ಮುದುಡಿಕೊಂಡಿರುತ್ತಿದ್ದೆವು. "ಯಜಮಾನ್ರು ಒಳಗವ್ರೆ, ನಾವು ಬಾಡಿಗೆಯೋರು" ಎಂದು ಅಪ್ಪ ಬಂದವರಿಗೆಲ್ಲ ಹೇಳುತ್ತಿದ್ದ. ಬರುವವರೇ ಕಡಿಮೆ. ಮನೆಯಲ್ಲಿ ಹುಳ ಇದ್ದಷ್ಟು ದಿನ ಯಾರೂ ಹಾಗೆ ಹೊಸಲು ದಾಟುವಂತಿರಲಿಲ್ಲ. ಕಾಲು ತೊಳೆಯಬೇಕು, ಕೈ ತೊಳೆಯಬೇಕು, ತಲೆಗೆ ಘಮಘಮ ಎಣ್ಣೆ ಹಚ್ಚಿಕೊಂಡು ಬಂದವರು ಜಗುಲಿಯಲ್ಲೇ ಕೂತು ಮಾತಾಡಿ ಎದ್ದು ಹೋಗಬೇಕು. ಒಲೆ ಹಿತ್ತಲಿಗೆ ಹೋಗುತ್ತಿತ್ತು. ಒಗ್ಗರಣೆಯ ಹೊಗೆ ಹುಳಕ್ಕೆ ಆಗದೆಂದು ಇಪ್ಪತ್ತೈದು ಇಪ್ಪತ್ತಾರು ದಿನ ನಮಗೆ ಸಪ್ಪೆ ಸಾರು. ದೇವರಿಗೂ ಊದುಬತ್ತಿ ಇರಲಿಲ್ಲ. ಹೆಂಗಸರು ಮುಟ್ಟಾದರೆ ಕೊಟ್ಟಿಗೆ ಸೇರಬೇಕಿತ್ತು. ಆ ದಿನಗಳಲ್ಲಿ ಅವ್ವ ದನದ ಪಕ್ಕ ಕೂತು ಬಿಕ್ಕಿದ್ದನ್ನು ನಾನು ಕಂಡಿದ್ದೇನೆ. ಹಳೆಯ ಕಾಲವೆಲ್ಲ ಹಾಲುಜೇನು ಎಂದು ಯಾರಾದರೂ ಹೇಳಿದರೆ ನನಗೆ ಆ ಸಪ್ಪೆ ಸಾರು ನೆನಪಾಗುತ್ತದೆ.

ಈ ಕಟ್ಟಳೆಗಳೆಲ್ಲ ಅಜ್ಜಿಯವು, ಅಪ್ಪನ ತಾಯಿಯವು. ಗಿಡ್ಡ ಹೆಂಗಸು, ಮಾತು ಮೊಟಕು. ಹುಳಕ್ಕೆ ಹಿಪ್ಪುನೇರಳೆ ಸೊಪ್ಪು ಹೆಚ್ಚಿ ಹೆಚ್ಚಿ ಅವಳ ಬಲಗೈ ಹೆಬ್ಬೆರಳಿನ ಚರ್ಮ ಮರದ ತೊಗಟೆಯಾಗಿತ್ತು. ನಾನು ನೆಗಡಿ ಹಿಡಿದು ಕೆಮ್ಮುತ್ತ ಒಳಗೆ ನಡೆದರೆ ರಟ್ಟೆ ಹಿಡಿದು ಆಚೆಗೆ ಬಿಡುತ್ತಿದ್ದಳು. "ನಂಗೂ ಹುಷಾರಿಲ್ಲ, ನಿಂಗೆ ಹುಳಾನೇ ಹೆಚ್ಚು" ಎಂದು ನಾನು ಒಂದು ಸಲ ಜಗಳಕ್ಕೆ ನಿಂತೆ. ಅಜ್ಜಿ ಬೈಯಲಿಲ್ಲ. "ನೀನಾದ್ರೆ ಕೆಮ್ತೀಯ, ಗೊತ್ತಾಯ್ತದೆ. ಹುಳ ಕೆಮ್ಮಲ್ಲ ಕನ ಮಗ, ಅಳಲ್ಲ. ಸುಮ್ಕೆ ಬಿದ್ದೋಯ್ತದೆ" ಎಂದಳು. ಅವತ್ತಿನಿಂದ ನನಗೆ ಹುಳ ಎಂದರೆ ಹೆದರಿಕೆ ಶುರುವಾಯಿತು. ಕಚ್ಚೀತೆಂದಲ್ಲ. ನನ್ನ ಬಾಯಿಯ ಗಾಳಿಗೋ ಕೈಯ ಕೊಳೆಗೋ ಅಷ್ಟು ಸಾವಿರ ಜೀವ ಸದ್ದಿಲ್ಲದೆ ಹೋದಾವೆಂದು. ಆಡುವ ವಯಸ್ಸಿನಲ್ಲಿ ನಾನು ಮನೆಯೊಳಗೆ ಉಸಿರು ಬಿಗಿಹಿಡಿದು ನಡೆಯುತ್ತಿದ್ದೆ. ಹುಳ ಹಣ್ಣಾಗಿ ಗೂಡು ಕಟ್ಟುವ ಮುಂಚಿನ ಕಡೆಯ ದಿನಗಳಲ್ಲಿ ಅವು ಸೊಪ್ಪು ತಿನ್ನುವ ಸದ್ದು ಮನೆ ತುಂಬಿರುತ್ತಿತ್ತು. ತುಂತುರು ಮಳೆಯಂತೆ ಎಂದು ಎಲ್ಲರೂ ಹೇಳುತ್ತಾರೆ, ಸುಳ್ಳಲ್ಲ. ಆದರೆ ನನಗೆ ಹೆಚ್ಚು ಹೆದರಿಕೆಯಾಗುತ್ತಿದ್ದುದು ಆ ಸದ್ದು ನಿಂತಾಗ. ಪೊರೆ ಬಿಡುವ ದಿನ ಹುಳಗಳು ತಿನ್ನುವುದನ್ನು ಬಿಟ್ಟು ತಲೆಯೆತ್ತಿ ಕಲ್ಲಾಗಿ ಕೂರುತ್ತವೆ. ಆಗ ಮನೆ ಒಮ್ಮೆಗೇ ಮೂಕವಾಗುತ್ತಿತ್ತು, ನಾವೂ ಪಿಸುಮಾತಿಗೆ ಇಳಿಯುತ್ತಿದ್ದೆವು.

ನನ್ನ ತಮ್ಮ ಪುಟ್ಟಸ್ವಾಮಿ ಹುಟ್ಟಿದ ವರ್ಷ ಸೊಳ್ಳೆ ವಿಪರೀತ. ಬೇರೆಯವರ ಮನೆಯಲ್ಲಿ ಸೊಳ್ಳೆಬತ್ತಿ ಹಚ್ಚುತ್ತಿದ್ದರು. ನಮ್ಮಲ್ಲಿ ಅದರ ಹೆಸರು ಎತ್ತುವ ಹಾಗಿಲ್ಲ, ಒಂದು ಬತ್ತಿಯ ಹೊಗೆಗೆ ಒಂದು ಬೆಳೆಯ ಹುಳವೆಲ್ಲ ಹೋಗುತ್ತದೆ. ಮಗುವಿನ ಮೈಯೆಲ್ಲ ಕೆಂಪು ಗಂಧೆ ಎದ್ದವು. ಹುಳದ ಅಡ್ಡೆಗಳಿಗಾದರೋ ಸುತ್ತ ನೈಲಾನ್ ಪರದೆ ಇತ್ತು, ಸೂರಿನಿಂದ ನೆಲದವರೆಗೆ. ಹುಳದ ಮೈಮೇಲೆ ಮೊಟ್ಟೆಯಿಡುವ ಊಜಿ ನೊಣ ಬರದಂತೆ ಅಪ್ಪ ಕಟ್ಟಿಸಿದ್ದು. ಒಂದು ದಿನ ಅಜ್ಜಿ ಮಗುವನ್ನು ಎತ್ತಿಕೊಂಡು ಪರದೆ ಸರಿಸಿ ಒಳಗೆ ಹೋದಳು. ಎರಡು ಅಡ್ಡೆಗಳ ನಡುವೆ ಚಾಪೆ ಹಾಸಿ ಮಲಗಿಸಿದಳು. ಅವ್ವ ಬಾಯಿ ಬಿಟ್ಟು ನಿಂತಿದ್ದಳು. "ಅವೂ ಹಸುಗೂಸೇ, ಇದೂ ಹಸುಗೂಸೇ. ಇರ್ಲಿ ಬುಡು ಒಟ್ಗೆ" ಎಂದಳು ಅಜ್ಜಿ. ಅಲ್ಲಿಂದ ಮುಂದೆ ಪುಟ್ಟ ಬೆಳೆದದ್ದು ಪರದೆಯೊಳಗೆ. ಹುಳದ ಸದ್ದು ಕೇಳಿದರೆ ನಿದ್ದೆ, ನಿಂತರೆ ಎಚ್ಚರ. ಅಂಬೆಗಾಲಿಡುವಾಗ ಒಂದು ಬಟ್ಟಲ ನೀರನ್ನೂ ಅವನು ಚೆಲ್ಲಲಿಲ್ಲ. ನಾನು ಆಚೆಗೆ ಕೂತು ಕಾಲು ಕೆರೆದುಕೊಳ್ಳುತ್ತ ನೋಡುತ್ತಿದ್ದೆ. ಒಳಗೆ ಅಜ್ಜಿ, ತಮ್ಮ, ಹುಳ. ಹೊರಗೆ ನಾನು ಮತ್ತು ಸೊಳ್ಳೆ. ಹೊಟ್ಟೆಕಿಚ್ಚು ಪಟ್ಟೆ ಎಂದು ಈಗ ಒಪ್ಪಿಕೊಳ್ಳುತ್ತೇನೆ.

ಗೂಡಾದ ಮೇಲೆ ಅಪ್ಪ ಮೂಟೆ ಕಟ್ಟಿಕೊಂಡು ರಾಮನಗರದ ಮಾರ್ಕೆಟ್ಟಿಗೆ ಹೋಗುತ್ತಿದ್ದ. ಅಲ್ಲಿಂದ ಗೂಡು ನೂಲು ತೆಗೆಯುವವರ ಮನೆಗೆ, ಕುದಿಯುವ ನೀರಿಗೆ. ಒಳಗಿರುವ ಹುಳ ಏನಾಗುತ್ತದೆಂದು ಶಾಲೆಯಲ್ಲಿ ತಿಳಿದು ಬಂದ ದಿನ ನಾನು ಅನ್ನ ಬಿಟ್ಟು ಕೂತೆ. ಅಜ್ಜಿಯನ್ನು ಕೇಳಿದೆ: ಇಷ್ಟು ಜೋಪಾನ ಮಾಡುವುದು ಕೊಲ್ಲುವುದಕ್ಕೇನು? ಅವಳು ಸೊಪ್ಪು ಹೆಚ್ಚುವುದನ್ನು ನಿಲ್ಲಿಸಲಿಲ್ಲ. "ತಪ್ಪೇ ಕನ ಮಗ. ಸರಿ ಅಂತ ನಾನು ಹೇಳಲ್ಲ. ಅದಕ್ಕೇ ನಮ್ಮತ್ರ ಇರೋಗಂಟ ಚೆಂದಾಗಿ ನೋಡ್ಕಬೇಕು" ಎಂದಳು. ಇದಕ್ಕಿಂತ ಹೆಚ್ಚಿನ ಸಮಾಧಾನ ಅವಳ ಬಳಿಯೂ ಇರಲಿಲ್ಲ. ಗೂಡು ಬಿಡಿಸಿದ ಮಾರನೆಯ ದಿನ ಅವಳು ಮಾರ್ಕೆಟ್ಟಿನ ಸುದ್ದಿ ಕೇಳುತ್ತಿರಲಿಲ್ಲ, ಬಂದ ದುಡ್ಡು ಮುಟ್ಟುತ್ತಿರಲಿಲ್ಲ.

ಬಾಟಲಿ ಒಡೆದ ದಿನ ನಾನು ಮಾಡುತ್ತಿದ್ದ ಪಾಠವನ್ನು ಇಲ್ಲಿ ಹೇಳಬೇಕು. ಬೋರ್ಡಿನ ನಡುವೆ ಉದ್ದಕ್ಕೆ ಒಂದು ಗೆರೆ ಎಳೆದು ಎಡಕ್ಕೆ ಪ್ರಕೃತಿ, ಬಲಕ್ಕೆ ಸಂಸ್ಕೃತಿ ಎಂದು ಬರೆದಿದ್ದೆ. ತಾನಾಗಿ ಇರುವುದು ಎಡಕ್ಕೆ, ಮನುಷ್ಯ ಮಾಡಿದ್ದು ಬಲಕ್ಕೆ. ಮಕ್ಕಳು ಕೂಗಿ ಹೇಳುತ್ತಿದ್ದರು: ಬೆಟ್ಟ, ನದಿ, ಆನೆ, ಮನೆ, ರೈಲು, ಮರದ ಬೊಂಬೆ. ನೂಲು ತೆಗೆಯುವವರ ಮನೆಯ ಹುಡುಗಿ ನಗ್ಮಾ ಎದ್ದು ನಿಂತು "ಮಿಸ್, ರೇಷ್ಮೆ ಹುಳ ಯಾವ ಕಡೆ?" ಎಂದಳು. ಹುಳವಲ್ಲವೇ, ಎಡಕ್ಕೆ ಬರಿ ಎಂದೆ. ಅವಳು ಕೂರಲಿಲ್ಲ. "ಅದಕ್ಕೆ ಕಾಡೇ ಇಲ್ಲವಲ್ಲ ಮಿಸ್. ಆಚೆ ಬಿಟ್ರೆ ಸತ್ತೋಗುತ್ತೆ." ನಿಜ, ಆ ಹುಳಕ್ಕೆ ಹಿಂತಿರುಗಿ ಹೋಗಲು ಕಾಡಿಲ್ಲ. ಹಿಪ್ಪುನೇರಳೆ ಗಿಡದ ಮೇಲೇ ಬಿಟ್ಟರೂ ಅದು ಅಂಟಿಕೊಂಡು ನಿಲ್ಲದು. ಅದರ ಚಿಟ್ಟೆಗೆ ರೆಕ್ಕೆಯಿದೆ, ಹಾರಲು ಬಾರದು. ಮನುಷ್ಯರ ಮನೆಯೇ ಅದರ ಅಡವಿ. ಹಾಗೆಂದು ಮನುಷ್ಯರೇ ಅದನ್ನು ಮಾಡಿದರೇ? ಅದೂ ಇಲ್ಲ. "ಗೆರೆ ಮೇಲೆ ಬರೀಲಾ ಮಿಸ್?" ಎಂದು ನಗ್ಮಾ ಕೇಳುವುದಕ್ಕೂ ಪಕ್ಕದ ಕೊಠಡಿಯಿಂದ ಆ ವಾಸನೆ ಬರುವುದಕ್ಕೂ ಸರಿಹೋಯಿತು. ನಮ್ಮಜ್ಜಿಗೆ ಪ್ರಕೃತಿ ಎನ್ನುವ ಪದ ಗೊತ್ತಿರಲಿಲ್ಲ, ಸಂಸ್ಕೃತಿಯೂ ಗೊತ್ತಿರಲಿಲ್ಲ. ನಮ್ಮ ಮನೆಗೆ ಆ ಗೆರೆಯನ್ನು ತಂದವಳು ನಾನೇ.

ಅದು ಹೀಗಾಯಿತು. ನಾನು ಆರನೇ ತರಗತಿಯಲ್ಲಿದ್ದಾಗ ಒಂದರ ಹಿಂದೆ ಒಂದು ಎರಡು ಬೆಳೆಗೆ ಸುಣ್ಣಕಟ್ಟು ರೋಗ ಬಿತ್ತು. ಈ ರೋಗಕ್ಕೆ ಸಿಕ್ಕ ಹುಳ ಬೆಳ್ಳಗೆ ಬಿರುಸಾಗಿ ಸೀಮೆಸುಣ್ಣದ ಕಡ್ಡಿಯ ಹಾಗಾಗುತ್ತದೆ. ಅಜ್ಜಿ ಅವನ್ನು ಮೊರಕ್ಕೆ ತುಂಬಿ ಗುಂಡಿಗೆ ಒಯ್ಯುವಾಗ ಒಂದಕ್ಕೊಂದು ತಾಗಿ ಟಕ್ ಟಕ್ ಎನ್ನುತ್ತಿದ್ದವು. ಬದುಕಿದ್ದಾಗ ಹತ್ತಿಗಿಂತ ಮೆತ್ತಗಿದ್ದ ಹುಳ ಸತ್ತ ಮೇಲೆ ಸದ್ದು ಮಾಡುತ್ತಿತ್ತು. ಆ ಸದ್ದು ಎಷ್ಟೋ ದಿನ ಕನಸಿಗೆ ಬಂತು. ಆಗ ರೇಷ್ಮೆ ಸಾಕುವುದನ್ನು ಹೇಳಿಕೊಡುವ ಆಫೀಸರು ಮನೆಗೆ ಬಂದರು. ಒಳ್ಳೆಯ ಮನುಷ್ಯ, ಚಪ್ಪಲಿ ಬಿಟ್ಟು, ಕೈ ತೊಳೆದೇ ಒಳಗೆ ಬಂದರು. ಪರದೆಯೊಳಗೆ ಮಲಗಿದ್ದ ಪುಟ್ಟನನ್ನು ಕಂಡು ತಲೆ ಮೇಲೆ ಕೈ ಹೊತ್ತರು. ಜನ ಇರುವ ಮನೆಯಲ್ಲಿ ಹುಳ ಇಡಬಾರದು, ಹುಳ ಇರುವಲ್ಲಿ ಜನ ಇರಬಾರದು, ಇಬ್ಬರಿಗೂ ಕೇಡು. ಬೇರೆ ಮನೆ ಕಟ್ಟಿ, ಒಂದೊಂದು ಬೆಳೆಗೂ ಮುಂಚೆ ರೋಗದ ಬೀಜ ಸಾಯಲೆಂದು ಫಾರ್ಮಲಿನ್ ಹೊಡೆದು ಒಂದು ದಿನ ಬಾಗಿಲು ಮುಚ್ಚಿಡಿ ಎಂದರು. ಒಂದು ಕರಪತ್ರ ಕೊಟ್ಟರು. ಅಪ್ಪನಿಗೆ ಅಕ್ಷರ ಕೂಡಿಸಿ ಓದಲು ತಡವಾಗುತ್ತಿತ್ತು. ನಾನು ಎದ್ದು ನಿಂತು ರಾಗವಾಗಿ ಓದಿದೆ. ಮೂರು ದಿನ ಮೂರು ಹೊತ್ತು ಓದಿದೆ. "ಬೇರೆ" ಎನ್ನುವ ಮಾತು ಬಂದ ಕಡೆಯೆಲ್ಲ ದನಿ ಏರಿಸಿದೆ, ಯಾಕೆಂದರೆ ಹುಳ ಹೋದರೆ ಮನೆ ನಮಗೆ ಸಿಗುತ್ತದೆ ಎಂದು ನನಗೆ ತಿಳಿದಿತ್ತು. "ಸಾಮಿ, ಬ್ಯಾರೆ ಮನೆ ಕಟ್ಟುದ್ರೆ ಅವುಕ್ಕೆ ಜೊತೆಗೆ ಯಾರವ್ರೆ?" ಎಂದು ಅಜ್ಜಿ ಕೇಳಿದ್ದಕ್ಕೆ ಆಫೀಸರು ನಕ್ಕುಬಿಟ್ಟರು. ನಾನೂ ನಕ್ಕೆ.

ಅವರು ಹೇಳಿದ್ದು ಸುಳ್ಳಾಗಿರಲಿಲ್ಲ, ಅದನ್ನೂ ಹೇಳಬೇಕು. ಹಿತ್ತಲಿನಾಚೆ, ಸೊಪ್ಪಿನ ತೋಟದ ಬದಿಗೆ ಅಪ್ಪ ಹುಳದ ಮನೆ ಕಟ್ಟಿಸಿದ. ಒಂದು ದೊಡ್ಡ ಹಜಾರ, ಅದಕ್ಕೆ ಸೇರಿದಂತೆ ಸೊಪ್ಪು ಇಡುವ ಚಿಕ್ಕ ಕೋಣೆ. ಕೋಣೆಗೆ ಹಜಾರದ ಕಡೆಗೊಂದು ಬಾಗಿಲು, ಹೊರಗಿನಿಂದ ಒಂದು ಬಾಗಿಲು. ಅಲ್ಲಿಯ ಮೊದಲ ಬೆಳೆ ಎಷ್ಟು ಚೆನ್ನಾಗಿ ಬಂತೆಂದರೆ ಊರವರು ಬಂದು ನೋಡಿ ಹೋದರು. ಇತ್ತ ಹಳೆಯ ಮನೆ ನಮ್ಮದಾಯಿತು. ಅವ್ವ ಒಳಗೇ ಒಲೆ ಹೂಡಿ ಸಾಸಿವೆ, ಬೆಳ್ಳುಳ್ಳಿ, ಒಣಮೆಣಸಿನಕಾಯಿ ಹಾಕಿ ಚೊರ್ ಎಂದು ಒಗ್ಗರಣೆ ಕೊಟ್ಟಳು. ಎಲ್ಲರೂ ಕೆಮ್ಮಿ ಕೆಮ್ಮಿ ನಕ್ಕೆವು. ಸೊಳ್ಳೆಬತ್ತಿ ಬಂತು, ಪೌಡರು ಬಂತು, ಇಲಿಗೆ ಪಾಷಾಣ, ಜಿರಲೆಗೆ ಹೊಡೆಯುವ ಔಷಧಿ ಬಂತು. ಹುಳಕ್ಕೆ ಆಗದ್ದೆಲ್ಲ ಇನ್ನು ನಮಗೆ ಆದೀತು ಎಂಬಂತೆ ತಂದು ತುಂಬಿದೆವು. ನಾನು ಕೈ ಕಾಲು ಚಾಚಿ ನಡುಮನೆಯಲ್ಲಿ ಮಲಗಿದೆ. ಪುಟ್ಟನಿಗೆ ಮಾತ್ರ ನಿದ್ದೆ ಹತ್ತಲಿಲ್ಲ. "ಸದ್ದಿಲ್ಲ, ಸದ್ದಿಲ್ಲ" ಎಂದು ಅಳುತ್ತಿದ್ದ. ಅಜ್ಜಿ ಅವನನ್ನು ಎತ್ತಿಕೊಂಡು ಹುಳದ ಮನೆಯ ಹೊರಗೋಡೆಗೆ ಒರಗಿ ಕೂರುತ್ತಿದ್ದಳು. ಅಪ್ಪ ಕಂಡರೆ ಗದರಿಸುತ್ತಿದ್ದ.

ಎರಡನೆಯ ಬೆಳೆಗೆ ಔಷಧಿ ಹೊಡೆಯುವ ದಿನ ನನಗೆ ಶಾಲೆಗೆ ರಜೆ. ಸಂದುಗೊಂದಿಗೆಲ್ಲ ಕಾಗದ ಅಂಟಿಸುವ ಕೆಲಸ ನನ್ನದೆಂದು ಹಟ ಹಿಡಿದು ತೆಗೆದುಕೊಂಡಿದ್ದೆ. ಕರಪತ್ರ ಓದಿದವಳು ನಾನಲ್ಲವೇ. ಮೈದಾ ಅಂಟು ಕಾಸಿ, ಹಳೆಯ ಪೇಪರನ್ನು ಪಟ್ಟಿ ಪಟ್ಟಿ ಹರಿದುಕೊಂಡು, ಕೆಂಪು ಲಂಗವನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಕಿಟಕಿಗಳಿಂದ ಶುರುಮಾಡಿದೆ. ಬೆಳಿಗ್ಗೆ ಹತ್ತು ಗಂಟೆಯ ಬಿಸಿಲು. ಅಪ್ಪ ಮೂಗಿಗೆ ಟವೆಲ್ ಬಿಗಿದು, ಬಾಡಿಗೆಗೆ ತಂದ ಇಂಜಿನ್ನಿನ ಪಂಪು ಬೆನ್ನಿಗೆ ಹೊತ್ತ. ಒಳಗೆ ಹೋಗುವ ಮುನ್ನ "ಸೊಪ್ಪಿನ ಕ್ವಾಣೆ ಚಿಲ್ಕ ಹಾಕ್ಬುಡು ಆಚಿಂದ" ಎಂದು ಕೂಗಿದ. ಬಾಗಿಲು ಒಂದು ಗೇಣು ತೆರೆದಿತ್ತು. ಒಳಗೆ ನೋಡಲೇ ಎಂದು ಕೇಳಿದೆ. "ಒಳಗೆ ಯಾರಿರ್ತಾರೆ, ಹಾಕು" ಎಂದ. ನಾನು ಎಳೆದು ಚಿಲಕ ಹಾಕಿದೆ. ಒಳಗೆ ಮೂಲೆಯಲ್ಲಿ, ಒಗೆದು ಮಡಿಸಿಟ್ಟಿದ್ದ ನೈಲಾನ್ ಪರದೆಯ ಮೇಲೆ, ಐದು ವರ್ಷವೂ ತುಂಬದ ನನ್ನ ತಮ್ಮ ಸುರುಳಿ ಸುತ್ತಿ ಮಲಗಿದ್ದ. ಅವನು ಹುಟ್ಟಿದಾಗಿನಿಂದ ಮಲಗಿದ್ದ ಪರದೆ ಅದು; ಅದು ಎಲ್ಲಿ ಹೋಯಿತೆಂದು ಹುಡುಕಿಕೊಂಡು ಬಂದಿದ್ದ.

ಇಂಜಿನ್ ಸದ್ದಿನಲ್ಲಿ ಏನೂ ಕೇಳಿಸುತ್ತಿರಲಿಲ್ಲ. ಅಪ್ಪ ಹಜಾರದ ಉದ್ದಗಲಕ್ಕೂ, ನಡುವಿನ ಬಾಗಿಲನ್ನು ಓರೆ ಮಾಡಿ ಸೊಪ್ಪಿನ ಕೋಣೆಗೂ ಔಷಧಿ ಹೊಡೆದು, ಕಣ್ಣು ಮೂಗು ಸೋರುತ್ತ ಆಚೆ ಬಂದು, ದೊಡ್ಡ ಬಾಗಿಲು ಎಳೆದು ಬೀಗ ಹಾಕಿದ. ತೊಟ್ಟಿಯಲ್ಲಿ ಮುಖ ತೊಳೆದುಕೊಂಡು, ಪಂಪು ವಾಪಸು ಕೊಟ್ಟು ಬರಲು ಊರಾಚೆ ಹೊರಟ. ನಾನು ದೊಡ್ಡ ಬಾಗಿಲಿನ ಸಂದು ಮುಚ್ಚಿ, ಕಡೆಗೆ ಸೊಪ್ಪಿನ ಕೋಣೆಯ ಬಾಗಿಲಿಗೆ ಬಂದೆ. ಅದರ ಕೆಳಗೆ ಒಂದು ಬೆರಳು ಅಗಲದ ಸಂದಿತ್ತು. ಮಂಡಿಯೂರಿ, ಎರಡು ಪದರ ಪೇಪರಿಗೆ ಅಂಟು ಮೆತ್ತಿ ಉಜ್ಜಿ ಉಜ್ಜಿ ಕೂರಿಸಿದೆ. ಕೈ ತೆಗೆಯುವಷ್ಟರಲ್ಲಿ ಒಳಗಿನಿಂದ ಬಾಗಿಲಿಗೆ ಟಕ್ ಟಕ್ ಎಂದಿತು. ಯಾಕೋ ಗೊತ್ತಿಲ್ಲ, ನಾನೂ ಬೆರಳಗೆಣ್ಣಿನಿಂದ ಟಕ್ ಟಕ್ ಎಂದು ತಟ್ಟಿದೆ. ಒಳಗಿನಿಂದ ಮತ್ತೆ ಟಕ್ ಟಕ್. ದನಿ ಇಲ್ಲ, ಅಳುವಿಲ್ಲ, ಬರಿಯ ಆ ಸದ್ದು. ಗಂಟಲು ಕಟ್ಟಿ ಅವನಿಗೆ ದನಿ ಹೊರಡುತ್ತಿರಲಿಲ್ಲ ಎಂದು ಆಮೇಲೆ ಡಾಕ್ಟರು ಹೇಳಿದರು. ನನಗೆ ಅವತ್ತು ಗೊತ್ತಿದ್ದ ಟಕ್ ಟಕ್ ಒಂದೇ: ಸತ್ತು ಸುಣ್ಣವಾದ ಹುಳಗಳದ್ದು. ಗುಂಡಿಗೆ ಹಾಕಿದವೆಲ್ಲ ಎದ್ದು ಬಂದಿವೆ, ಜೊತೆಗೆ ಯಾರೂ ಇಲ್ಲದ ಮನೆ ಸೇರಿಕೊಂಡಿವೆ, ಅಜ್ಜಿ ಕೇಳಿದ್ದು ಇದನ್ನೇ. ಅಂಟಿನ ತಟ್ಟೆ ಅಲ್ಲೇ ಬಿಟ್ಟು, ತೋಟದ ಬದುವಿನ ಮೇಲೆ ಹಿಂತಿರುಗಿ ನೋಡದೆ ಓಡಿದೆ. ಇಂಥ ತಪ್ಪನ್ನು ಹುಳದ ಮನೆಯಲ್ಲಿ ಬೆಳೆದ ಮಗು ಮಾತ್ರ ಮಾಡಬಲ್ಲದು ಎಂದು ನನಗೆ ನಾನೇ ಎಷ್ಟೋ ಸಲ ಹೇಳಿಕೊಂಡಿದ್ದೇನೆ. ಹೇಳಿಕೊಂಡರೂ ಹಗುರವಾಗಿಲ್ಲ.

ಪುಟ್ಟ ಕಾಣುತ್ತಿಲ್ಲ ಎಂದು ಅವ್ವನ ಕೂಗು ಎದ್ದಾಗ ನಾನು ಹುಣಸೆಮರದ ಕೆಳಗೆ ಕೂತಿದ್ದೆ. ಬಾವಿ ಇಣುಕಿದರು, ಕಟ್ಟೆಯ ಕಡೆ ಓಡಿದರು, ರಸ್ತೆಯಲ್ಲಿ ಹೋದ ಬಸ್ಸನ್ನು ಯಾರೋ ಸೈಕಲ್ಲಿನಲ್ಲಿ ಅಟ್ಟಿಸಿಕೊಂಡು ಹೋದರು. ನಾನೂ ಅವರೊಂದಿಗೆ "ಪುಟ್ಟಾ" ಎಂದು ಕೂಗುತ್ತ ಓಡಾಡಿದೆ. ಹುಳದ ಮನೆಯ ಕಡೆ ಯಾರೂ ನೋಡಲಿಲ್ಲ. ಅದು ಮನುಷ್ಯರು ಇರುವ ಜಾಗವಲ್ಲ ಎಂದು ಅಷ್ಟು ಬೇಗ ಎಲ್ಲರಿಗೂ ರೂಢಿಯಾಗಿತ್ತು. ಈಗ ಹೇಳುವ ಮಾತನ್ನು ನಾನು ಯಾರಿಗೂ ಹೇಳಿಲ್ಲ. ಹಾಗೆ ಕೂಗಿ ಓಡಾಡುವಾಗ ಯಾವುದೋ ಒಂದು ಹೊತ್ತಿನಲ್ಲಿ ನನಗೆ ತಿಳಿಯಿತು. ಒಳಗಿದ್ದುದು ಹುಳವಲ್ಲ ಎಂದು ತಿಳಿಯಿತು. ಹೇಳಲು ಬಾಯಿ ಬರಲಿಲ್ಲ. ಹೇಳಿದರೆ, ತಟ್ಟಿದ್ದು ಕೇಳಿಯೂ ಯಾಕೆ ಓಡಿದೆ ಎಂದು ಕೇಳುತ್ತಾರೆ. ಆ ಒಂದು ಪ್ರಶ್ನೆಯ ಹೆದರಿಕೆಗೆ ನಾನು ಇನ್ನೂ ಗಟ್ಟಿಯಾಗಿ "ಪುಟ್ಟಾ" ಎಂದು ಕೂಗಿದೆ.

ಹಸುವಿಗೆ ಹುಲ್ಲು ತರಲು ಹೋಗಿದ್ದ ಅಜ್ಜಿ ಕೂಗು ಕೇಳಿ ಹೊರೆ ಎಸೆದು ಬಂದಳು. ಯಾರನ್ನೂ ಏನೂ ಕೇಳಲಿಲ್ಲ. ನನ್ನ ಮುಖ ನೋಡಿದಳು. ನನ್ನ ಕೈ ಹಿಡಿದೆತ್ತಿ ನೋಡಿದಳು. ಬೆರಳ ಗೆಣ್ಣಿನ ಮೇಲೆ ಅಂಟು ಒಣಗಿ ಬಿಳಿಚಿಕೊಂಡಿತ್ತು. ಕೈ ಬಿಟ್ಟು ಹಿತ್ತಲಿನಾಚೆ ಓಡಿದಳು, ಅವಳು ಓಡಿದ್ದನ್ನು ನಾನು ಅದೊಂದೇ ಸಲ ಕಂಡದ್ದು. ಚಿಲಕ ತೆಗೆದಾಗ ಪುಟ್ಟ ಹೊಸಲಿಗೆ ಕೆನ್ನೆಯಿಟ್ಟು ಬಿದ್ದಿದ್ದ. ಕಾಗದ ಇನ್ನೂ ಒದ್ದೆಯಿತ್ತು. ಅದರಲ್ಲಿ ಎಳೆಯ ಬೆರಳು ತೂರುವಷ್ಟು ಒಂದು ತೂತು. ಅವನ ಬಾಯಿ ಆ ತೂತಿನ ಬಳಿಯೇ ಇತ್ತು. ಆ ಗಾಳಿಯಿಂದ ಉಳಿದ ಎಂದು ಚನ್ನಪಟ್ಟಣದ ಡಾಕ್ಟರು ಹೇಳಿದರು. ಉಳಿದ, ಆದರೆ ಎದೆ ಸರಿಹೋಗಲಿಲ್ಲ. ಅವತ್ತಿನಿಂದ ಅವನು ಉಸಿರಾಡುವುದು ಪಕ್ಕದ ಕೋಣೆಗೂ ಕೇಳಿಸುತ್ತದೆ.

ಆಸ್ಪತ್ರೆಯಿಂದ ಬಂದ ದಿನ ಅಪ್ಪ ಅಜ್ಜಿಯ ಮೇಲೆ ಹರಿಹಾಯ್ದ. "ಮಗೀನ ಹುಳದ ಜೊತೆ ಮನಗ್ಸಿ ಬೆಳೆಸ್ದೋಳು ನೀನು ಕನವ್ವ. ಮನುಷ್ಯ ಎಲ್ಲಿರಬೇಕು, ಹುಳ ಎಲ್ಲಿರಬೇಕು ಅಂತಾನೇ ಗೊತ್ತಿಲ್ದಂಗೆ ಮಾಡ್ಬುಟ್ಟೆ" ಎಂದ. ಅಜ್ಜಿ ನನ್ನ ಹೆಸರು ಎತ್ತಲಿಲ್ಲ. ನನ್ನ ಕಡೆ ತಿರುಗಿಯೂ ನೋಡಲಿಲ್ಲ. ನೋಡಿದ್ದರೆ ನಾನು ಹೇಳಿಬಿಡುತ್ತಿದ್ದೆನೋ ಏನೋ. ಊರೂ ಅವಳನ್ನೇ ಅಂದಿತು. ಅವಳು ಮತ್ತೆ ಹುಳದ ಮನೆಯ ಹೊಸಲು ತುಳಿಯಲಿಲ್ಲ. ಜಗುಲಿಯಲ್ಲಿ ಕೂತು ಸೊಪ್ಪು ಹೆಚ್ಚಿ ಕೊಡುತ್ತಿದ್ದಳು, ಅಷ್ಟೇ. ನಾನು ಹೈಸ್ಕೂಲಿಗೆ ಬಂದ ವರ್ಷ ಹಾಸಿಗೆ ಹಿಡಿದಳು. ಒಂದು ಮಧ್ಯಾಹ್ನ ಗಂಜಿ ಕುಡಿಸುತ್ತಿದ್ದಾಗ ನನ್ನ ಬೆರಳ ಗೆಣ್ಣನ್ನು ಮುಟ್ಟಿ, "ಹೆದ್ರುಕೊಂಡು ಓಡೋದು ತಪ್ಪಲ್ಲ ಕನ ಮಗ. ತಿರುಗಿ ಬರ್ನಿಲ್ವಲ್ಲ, ಅದು ನೋಯ್ತದೆ" ಎಂದಳು. ನಾನು ಇನ್ನೊಂದು ಚಮಚ ಗಂಜಿ ಅವಳ ಬಾಯಿಗಿಟ್ಟೆ. ಅವಳು ಹೋದ ಮೇಲೆ ನಾನು ಎಲ್ಲರಿಗಿಂತ ಹೆಚ್ಚು ಅತ್ತೆ. ಅಜ್ಜಿಯ ಮೇಲೆ ಎಷ್ಟು ಪ್ರೀತಿ ಎಂದು ನೆಂಟರು ಮಾತಾಡಿಕೊಂಡರು.

ಈಗ ಆ ಮನೆ ಇಲ್ಲ. ನಾಡಹೆಂಚು ಇಳಿಸಿ ತಾರಸಿ ಹಾಕಿದ್ದಾರೆ. ಅಪ್ಪ ತೀರಿಕೊಂಡ. ಪುಟ್ಟನ ಎದೆಗೆ ಔಷಧಿಯ ವಾಸನೆ ಆಗದೆಂದು ಹುಳ ಸಾಕುವುದನ್ನು ಬಿಟ್ಟು ತೆಂಗು ಹಾಕಿದರು. ಅವ್ವ ಅವನ ಜೊತೆಗಿದ್ದಾಳೆ. ನಾನು ಚನ್ನಪಟ್ಟಣದಲ್ಲಿ ಎಲ್ಲ ಕಿಟಕಿಗೂ ಜಾಲರಿ ಹೊಡೆಸಿದ ಮನೆಯಲ್ಲಿದ್ದೇನೆ. ಸೊಳ್ಳೆಗೊಂದು ಯಂತ್ರ, ಗಾಳಿಗೊಂದು ಯಂತ್ರ. ಮನುಷ್ಯರು ಇರುವುದು ಇಲ್ಲಿ, ಮಿಕ್ಕ ಜೀವಗಳು ಅಲ್ಲಿ ಎಂದು ಗೆರೆ ಎಳೆದು, ಸಂದುಗೊಂದಿಗೆ ಕಾಗದ ಮೆತ್ತಿ ನಾವೆಲ್ಲ ನಿಶ್ಚಿಂತೆಯಾಗಿದ್ದೇವೆ. ಮರ ಕಡಿಯುವಾಗ, ಕೆರೆ ಮುಚ್ಚುವಾಗ, ಹೊಲಕ್ಕೆ ವಿಷ ಹೊಡೆಯುವಾಗ ಯಾರಾದರೂ "ಅಲ್ಲಿ ಯಾರಿರ್ತಾರೆ" ಎಂದರೆ ನನ್ನ ಕಿವಿ ನೆಟ್ಟಗಾಗುತ್ತದೆ. ಒಳಗೆ ನಮ್ಮದೇ ಮಗು ಮಲಗಿದ್ದರೆ ಎಂದು ಹೆದರಿಕೆಯಾಗುತ್ತದೆ. ಗೆರೆ ಬೇಡವೇ ಬೇಡ ಎಂದು ಹೇಳುವ ಧೈರ್ಯ ನನಗಿಲ್ಲ. ಕೊಟ್ಟಿಗೆಯಲ್ಲಿ ಕೂತಿದ್ದ ಅವ್ವನನ್ನೂ ಸುಣ್ಣವಾದ ಹುಳಗಳನ್ನೂ ನಾನು ಮರೆತಿಲ್ಲ. ಚಿಲಕ ಹಾಕುವ ಮುಂಚೆ ಒಮ್ಮೆ ಬಗ್ಗಿ ನೋಡಬೇಕಿತ್ತು ಎಂದಷ್ಟೇ ಹೇಳಬಲ್ಲೆ.

ಬಾಟಲಿ ಒಡೆದ ವಾರದ ಭಾನುವಾರ ಅಕ್ಕೂರಿಗೆ ಹೋದೆ. ಪುಟ್ಟ ಹುಳದ ಮನೆಯಲ್ಲಿ ತೆಂಗಿನಕಾಯಿ ರಾಶಿ ಹಾಕುತ್ತಿದ್ದ. ಮೂವತ್ತೈದು ದಾಟಿದ ಗಂಡಸು, ಅಂಗಿ ಜೇಬಿನಲ್ಲಿ ಉಸಿರಿಗೆ ಎಳೆದುಕೊಳ್ಳುವ ಪಂಪು. ಸೊಪ್ಪಿನ ಕೋಣೆಯ ಬಾಗಿಲು ಅದೇ ಇದೆ, ಕೆಳಗೆ ಗೆದ್ದಲು ತಿಂದು ಸಂದು ಇನ್ನೂ ದೊಡ್ಡದಾಗಿದೆ. ಹೊಸಲ ಮೇಲೆ ಕೂತು ನಾನು ಶಾಲೆಯ ಕಥೆ ಹೇಳಿದೆ, ಹಾವಿನದು, ವಾಸನೆಯದು. ಅವನು ನಕ್ಕ. "ನಿಂಗಿನ್ನೂ ಹೆದ್ರಿಕೆ ಹೋಗ್ನಿಲ್ವಾ? ನಂಗೆ ಅವತ್ತು ಒಸೀನೂ ಹೆದ್ರಿಕೆ ಆಗ್ಲಿಲ್ಲ ಗೊತ್ತಾ ಅಕ್ಕ" ಎಂದ. ಅವನಿಗೆ ಆ ದಿನ ನೆನಪಿದೆ ಎಂದು ನಾನು ಎಣಿಸಿಯೇ ಇರಲಿಲ್ಲ. ಯಾಕೆ ಎಂದೆ.

"ನೀನು ತಟ್ಟುದ್ಯಲ್ಲ. ಯಾರು ಅಂತ ನೋಡಾಕೆ ಪೇಪರು ತೂತು ಮಾಡ್ದೆ. ನಿನ್ ಕೆಂಪು ಲಂಗ ಕಾಣ್ತು, ಬದಿನ್ ಮ್ಯಾಲೆ ಓಡೋಯ್ತಿತ್ತು. ಯಾರ್ನೋ ಕರ್ಕಂಬರಾಕೆ ಓಡ್ತಾವ್ಳೆ ಅಂತ ಅಲ್ಲೇ ಕಾಯ್ತಾ ಮನಿಕೊಂಡೆ. ಕಳ್ಸುದ್ಯಲ್ಲ ಆಮ್ಯಾಕೆ, ಅಜ್ಜೀನ."

ಅಷ್ಟು ಹೇಳಿ ಅವನು ಇನ್ನೊಂದು ಮಂಕರಿ ಕಾಯಿ ತರಲು ಎದ್ದ. ಎರಡು ಹೆಜ್ಜೆಗೆ ಉಸಿರು ಕಟ್ಟಿ, ಗೋಡೆ ಹಿಡಿದು ನಿಂತು, ಜೇಬಿನ ಪಂಪು ಎಳೆದುಕೊಂಡ. ಕೋಣೆಯಲ್ಲಿ ಹುಳದ ಸದ್ದಿರಲಿಲ್ಲ, ಔಷಧಿಯ ವಾಸನೆಯೂ ಇರಲಿಲ್ಲ. ಅವನ ಎದೆಯ ಸದ್ದೊಂದೇ. ನಾನು ಹೊಸಲ ಮೇಲೆ ಕೂತೇ ಇದ್ದೆ. ಅವನಿಗೆ ಹೇಳಲಿಲ್ಲ, ಇಲ್ಲಿ ಬರೆಯುತ್ತಿದ್ದೇನೆ: ಅಜ್ಜಿಯನ್ನು ಕಳಿಸಿದ್ದು ನಾನಲ್ಲ.